ಸೋಡಿಯಂ ಕಮ್ಮಿಯಾದರೆ ಉಪ್ಪು ಜಾಸ್ತಿ ತಿನ್ನಬೇಕಾ, ನೀರು ಕಮ್ಮಿ ಕುಡಿಯಬೇಕಾ?

ಪ್ರಶ್ನೆ: ನನ್ನ ಅಮ್ಮನಿಗೆ 71 ವರ್ಷ. ಸಣಕಲು ಮೈ. ಬಿಪಿ ಇದೆ, ಶುಗರ್ ಇಲ್ಲ. ಎರಡು ತಿಂಗಳ ಹಿಂದೆ ಬಿಪಿ ಮಾತ್ರೆ ಬದಲಾಯಿಸಿ, ಟೆಲ್ಮಿಸಾರ್ಟನ್ ಜೊತೆ ಕ್ಲೋರ್‌ಥಾಲಿಡೋನ್ ಸೇರಿರುವ ಮಾತ್ರೆ ಕೊಟ್ಟರು. ಅಪ್ಪ ತೀರಿಕೊಂಡ ಮೇಲೆ ಅಮ್ಮ ತುಂಬಾ ಮಂಕಾಗಿದ್ದರು. ಅದಕ್ಕೆ ಮೂರು ವಾರದಿಂದ ಎಸ್ಸಿಟಲೋಪ್ರಾಮ್ ಕೂಡ ನಡೆಯುತ್ತಿತ್ತು. ಊಟ ಅಷ್ಟಕ್ಕಷ್ಟೇ. ಗಂಜಿ, ಚಹ, ರಸ್ಕು. ನೀರು ಮಾತ್ರ ಚೆನ್ನಾಗಿ ಕುಡಿಯುತ್ತಿದ್ದರು. ಕಳೆದ ವಾರ ಎರಡು ದಿನ ವಾಂತಿ, ಸುಸ್ತು. ಮೂರನೇ ದಿನ ನನ್ನ ಗುರುತೇ ಸಿಗಲಿಲ್ಲ. ಆಸ್ಪತ್ರೆಯಲ್ಲಿ ಸೋಡಿಯಂ 114 ಬಂತು. ಐಸಿಯುನಲ್ಲಿ ಐದು ದಿನ ಇಟ್ಟು, ದಿನಕ್ಕೆ ಸ್ವಲ್ಪ ಸ್ವಲ್ಪವೇ ಏರಿಸಿದರು. ಈಗ 131 ಇದೆ, ಮನೆಗೆ ಬಂದಿದ್ದಾರೆ. ನೀರು ಕಮ್ಮಿ ಕೊಡಿ ಅಂದಿದ್ದಾರೆ ಡಾಕ್ಟರು. ಬಿಪಿಗೆ ಅಂತ ಉಪ್ಪು ಬಿಡಿಸಿದ್ದಕ್ಕೇ ಹೀಗಾಯಿತು, ಉಪ್ಪುನೀರು, ಎಳನೀರು ಕೊಡಿ ಅನ್ನುತ್ತಿದ್ದಾರೆ ನೆಂಟರು. ಯಾರ ಮಾತು ಕೇಳಲಿ? ಅಷ್ಟು ನಿಧಾನವಾಗಿ ಏರಿಸಿದ್ದು ಯಾಕೆ? ಮತ್ತೆ ಹೀಗಾಗುತ್ತದಾ? ಅಮ್ಮ ಇನ್ನೂ ಸ್ವಲ್ಪ ಗೊಂದಲದಲ್ಲೇ ಇದ್ದಾರೆ.

ಉತ್ತರ: ಮೊದಲು ಮನೆಯಲ್ಲಿ ನಡೆಯುತ್ತಿರುವ ವಾದ ಮುಗಿಸೋಣ. ಡಾಕ್ಟರು ಹೇಳಿದ್ದು ಸರಿ. ಉಪ್ಪುನೀರು, ಎಳನೀರು ಎರಡೂ ಸದ್ಯಕ್ಕೆ ಬೇಡ. ಎಳನೀರಿನಲ್ಲಿ ಪೊಟ್ಯಾಷಿಯಂ ಜಾಸ್ತಿ, ಸೋಡಿಯಂ ಕಮ್ಮಿ. ಸೋಡಿಯಂ ಲೆಕ್ಕದಲ್ಲಿ ಅದೂ ಹೆಚ್ಚುಕಮ್ಮಿ ನೀರು ಕುಡಿಸಿದ ಹಾಗೆಯೇ. ಉಪ್ಪು ಬಿಡಿಸಿದ್ದಕ್ಕೆ ಹೀಗಾಯಿತು ಅಂತ ನಿಮ್ಮನ್ನು ನೀವು ದೂರಿಕೊಳ್ಳಬೇಡಿ. ನಿಮ್ಮ ವಿವರ ಓದಿದಾಗ ನನ್ನ ಅನುಮಾನ ಹೋಗುವುದು ಆ ಎರಡು ಹೊಸ ಮಾತ್ರೆಗಳ ಮೇಲೆ.

ರಕ್ತದಲ್ಲಿ ಸೋಡಿಯಂ ಲೀಟರಿಗೆ 135ರಿಂದ 145 ಮಿಲಿಮೋಲ್ ಇರಬೇಕು. 130ರಿಂದ 134 ಇದ್ದರೆ ಸ್ವಲ್ಪ ಕಮ್ಮಿ, 125ರಿಂದ 129 ಮಧ್ಯಮ, 125ಕ್ಕಿಂತ ಕೆಳಗೆ ಹೋದರೆ ತೀವ್ರ. ಆದರೆ ಮೈಯಲ್ಲಿ ಒಟ್ಟು ಎಷ್ಟು ಉಪ್ಪಿದೆ ಅಂತ ಈ ಅಂಕಿ ಹೇಳುವುದಿಲ್ಲ. ನೀರಿಗೆ ಹೋಲಿಸಿದರೆ ಉಪ್ಪು ಎಷ್ಟಿದೆ ಅಂತ ಮಾತ್ರ ಹೇಳುತ್ತದೆ. ಸಾರಿಗೆ ಉಪ್ಪು ಸರಿಯಾಗಿಯೇ ಹಾಕಿ, ಆಮೇಲೆ ಎರಡು ಚೊಂಬು ನೀರು ಸುರಿದರೆ ಸಾರು ಸಪ್ಪೆಯಾಗುತ್ತದೆ, ಅಲ್ವಾ? ಸೋಡಿಯಂ ಕಮ್ಮಿ ಬಂದ ಹೆಚ್ಚಿನವರಲ್ಲಿ ಆಗಿರುವುದು ಇದೇ. ನೀರು ಜಾಸ್ತಿಯಾಗಿದೆ, ಹೊರಗೆ ಹೋಗುತ್ತಿಲ್ಲ.

ಯಾಕೆ ಹೋಗುತ್ತಿಲ್ಲ ಅನ್ನುವುದೇ ಇಲ್ಲಿ ಮುಖ್ಯ. ಚೆನ್ನಾಗಿ ಊಟ ಮಾಡುವ ಆರೋಗ್ಯವಂತ ವಯಸ್ಕರ ಕಿಡ್ನಿ ದಿನಕ್ಕೆ ಹತ್ತು ಲೀಟರಿಗಿಂತ ಜಾಸ್ತಿ ನೀರನ್ನೂ ಹೊರಹಾಕಬಲ್ಲದು. ಅದಕ್ಕೇ ಸುಮ್ನೆ ನೀರು ಕುಡಿದದ್ದರಿಂದ ಸೋಡಿಯಂ ಇಳಿಯುವುದು ಅಪರೂಪ. ಮೆದುಳಿನ ಬುಡದಲ್ಲಿರುವ ಪಿಟ್ಯುಟರಿ ಗ್ರಂಥಿಯಿಂದ ವ್ಯಾಸೊಪ್ರೆಸಿನ್ ಅನ್ನುವ ಹಾರ್ಮೋನ್ ಬರುತ್ತದೆ. ‘ನೀರು ಬಿಡಬೇಡ, ಹಿಡಿದಿಟ್ಟುಕೋ’ ಅಂತ ಕಿಡ್ನಿಗೆ ಹೇಳುವುದು ಅದರ ಕೆಲಸ. ನಾವು ನೀರು ಕುಡಿದಾಗ ಅದು ಸುಮ್ಮನಾಗಬೇಕು. ನೋವು, ವಾಕರಿಕೆ, ಆಪರೇಷನ್, ನ್ಯುಮೋನಿಯಾ, ಕೆಲವು ಮಾತ್ರೆಗಳು ಇದ್ದಾಗ ಅದು ಸುಮ್ಮನಾಗುವುದಿಲ್ಲ. ಆಗ ಕುಡಿದ ನೀರೆಲ್ಲ ಒಳಗೇ ಉಳಿಯುತ್ತದೆ.

ನಿಮ್ಮ ಅಮ್ಮನ ವಿಷಯಕ್ಕೆ ಬರೋಣ. ಕ್ಲೋರ್‌ಥಾಲಿಡೋನ್ ಒಂದು ‘ನೀರು ಹೋಗುವ ಮಾತ್ರೆ’. ಹೈಡ್ರೋಕ್ಲೋರೋಥಯಾಜೈಡ್, ಇಂಡಪಮೈಡ್ ಕೂಡ ಇದೇ ಗುಂಪಿನವು. ಬಿಪಿಗೆ ಒಳ್ಳೆಯ ಔಷಧಿಗಳೇ. ಲಕ್ಷಾಂತರ ಜನ ತೊಂದರೆ ಇಲ್ಲದೆ ತಿನ್ನುತ್ತಾರೆ, ನಾನೂ ಬರೆದುಕೊಡುತ್ತೇನೆ. ಆದರೆ ಕಿಡ್ನಿಯಲ್ಲಿ ಮೂತ್ರ ತೆಳುವಾಗುವ ಜಾಗದಲ್ಲೇ ಇವು ಅಡ್ಡ ನಿಲ್ಲುತ್ತವೆ. ಉಪ್ಪು ಹೋಗುತ್ತದೆ, ನೀರು ಉಳಿಯುತ್ತದೆ. ಸಣಕಲು ಮೈಯ ವಯಸ್ಸಾದ ಹೆಂಗಸರಿಗೆ ಈ ಅಪಾಯ ಎಲ್ಲರಿಗಿಂತ ಜಾಸ್ತಿ. ಸಾಮಾನ್ಯವಾಗಿ ಶುರು ಮಾಡಿದ ಮೊದಲ ಕೆಲವು ವಾರಗಳಲ್ಲೇ ಕಾಣಿಸಿಕೊಳ್ಳುತ್ತದೆ. ಎಷ್ಟೋ ವರ್ಷ ಸರಿಯಿದ್ದು, ಒಂದು ಭೇದಿಯೋ ಜ್ವರವೋ ಬಂದಾಗ ಬೀಳುವವರೂ ಇದ್ದಾರೆ. ಎಸ್ಸಿಟಲೋಪ್ರಾಮ್, ಸರ್ಟ್ರಾಲಿನ್‌ನಂಥ ಮಾತ್ರೆಗಳು ವ್ಯಾಸೊಪ್ರೆಸಿನ್ ಪ್ರಭಾವ ಹೆಚ್ಚಿಸುತ್ತವೆ. ಅವುಗಳ ತೊಂದರೆಯೂ ಹೆಚ್ಚಾಗಿ ಮೊದಲ ಎರಡು ನಾಲ್ಕು ವಾರಗಳಲ್ಲೇ ಬರುತ್ತದೆ. ನಿಮ್ಮ ದಿನಾಂಕಗಳನ್ನು ನೋಡಿ, ಎರಡೂ ಸರಿಯಾಗಿ ಹೊಂದುತ್ತವೆ. ಫಿಟ್ಸ್‌ಗೆ ಕೊಡುವ ಕಾರ್ಬಮಜಪಿನ್, ಆಕ್ಸ್‌ಕಾರ್ಬಜಪಿನ್ ಕೂಡ ಇದೇ ಸಾಲಿಗೆ ಸೇರುತ್ತವೆ.

ಇದರ ಮೇಲೆ ಗಂಜಿ, ಚಹ, ರಸ್ಕು. ಇದನ್ನು ಯಾರೂ ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ, ಅದಕ್ಕೇ ಸ್ವಲ್ಪ ಬಿಡಿಸಿ ಹೇಳುತ್ತೇನೆ. ಕಿಡ್ನಿ ಬರೀ ನೀರನ್ನು ಹೊರಹಾಕಲಾರದು. ಪ್ರತಿ ಲೀಟರ್ ಮೂತ್ರದ ಜೊತೆ ಸ್ವಲ್ಪವಾದರೂ ಉಪ್ಪು, ಯೂರಿಯಾದಂಥ ಕರಗಿದ ಪದಾರ್ಥ ಹೋಗಲೇಬೇಕು. ವಯಸ್ಸಾದವರಲ್ಲಿ ಅದು ಲೀಟರಿಗೆ ಸುಮಾರು 100 ಮಿಲಿಆಸ್ಮೋಲ್ (ಕರಗಿದ ಪದಾರ್ಥ ಅಳೆಯುವ ಮಾನ) ಅಂದುಕೊಳ್ಳಿ. ಚೆನ್ನಾಗಿ ಉಣ್ಣುವವರಿಗೆ ದಿನಕ್ಕೆ 600ರಿಂದ 900 ಸಿಗುತ್ತದೆ, ಮುಖ್ಯವಾಗಿ ಬೇಳೆ, ಮೊಟ್ಟೆ, ಮಾಂಸದ ಪ್ರೋಟೀನಿನಿಂದ ಮತ್ತು ಉಪ್ಪಿನಿಂದ. ಗಂಜಿ ಚಹದಲ್ಲೇ ದಿನ ಕಳೆಯುವವರಿಗೆ 250 ಸಿಕ್ಕರೆ ಹೆಚ್ಚು. ಅಂದರೆ ಎರಡೂವರೆ ಲೀಟರಿಗಿಂತ ಜಾಸ್ತಿ ಮೂತ್ರ ಮಾಡಲು ಅವರ ಕಿಡ್ನಿಗೆ ದಾರಿಯೇ ಇಲ್ಲ. ‘ದಿನಕ್ಕೆ ನಾಲ್ಕು ಲೀಟರ್ ನೀರು ಕುಡಿಯಿರಿ’ ಅನ್ನುವ ವಾಟ್ಸಾಪ್ ಸಂದೇಶ ನಂಬಿ ಇಂಥವರು ನೀರು ಕುಡಿದರೆ ಉಳಿದದ್ದು ಎಲ್ಲಿಗೆ ಹೋಗಬೇಕು? ಬರೀ ಬಿಯರ್ ಕುಡಿದು ಊಟ ಬಿಡುವವರಿಗೂ ಆಗುವುದು ಇದೇ.

ಹಾಗಂತ ಸೋಡಿಯಂ ಕಮ್ಮಿಯಾದವರಿಗೆಲ್ಲ ಕಾರಣ ಇದೇ ಅಲ್ಲ. ನಿಮ್ಮ ಹಾಗೆ ಬೇರೆ ಮನೆಗಳಲ್ಲೂ ಇದನ್ನು ಓದುವವರಿರುತ್ತಾರೆ, ಅವರಿಗೂ ಉಪಯೋಗವಾಗಲಿ. ಹಾರ್ಟ್ ಫೇಲ್ಯೂರ್, ಲಿವರ್ ಸಿರೋಸಿಸ್, ಕಿಡ್ನಿ ಕೆಟ್ಟವರಲ್ಲಿ ಕಾಲು ಊದಿರುತ್ತದೆ, ಹೊಟ್ಟೆಯಲ್ಲಿ ನೀರು ತುಂಬಿರುತ್ತದೆ, ಸೋಡಿಯಂ 126 ಬಂದಿರುತ್ತದೆ. ಅವರ ಮೈಯಲ್ಲಿ ಒಟ್ಟು ಉಪ್ಪು ಬೇರೆಯವರಿಗಿಂತ ಜಾಸ್ತಿಯೇ ಇರುತ್ತದೆ! ನೀರು ಅದಕ್ಕಿಂತಲೂ ಜಾಸ್ತಿ ಇದೆ, ಅಷ್ಟೇ. ರಿಪೋರ್ಟಿನಲ್ಲಿ ‘ಸೋಡಿಯಂ ಕಮ್ಮಿ’ ಅಂತ ಓದಿ ಇವರಿಗೆ ಉಪ್ಪಿನಕಾಯಿ, ಹಪ್ಪಳ ತಿನ್ನಿಸಿದರೆ ರಾತ್ರಿ ಉಸಿರು ಕಟ್ಟಿ ಮತ್ತೆ ಆಸ್ಪತ್ರೆಗೆ ಓಡಬೇಕಾಗುತ್ತದೆ. ನೆಂಟರ ಸಲಹೆ ಅಂದರೆ ನನಗೆ ಭಯ ಆಗುವುದು ಇದಕ್ಕೇ. ವಾಂತಿ ಭೇದಿಯಲ್ಲಿ ನಿಜವಾಗಿಯೂ ಉಪ್ಪು, ನೀರು ಎರಡೂ ಕಳೆದುಕೊಂಡವರ ಕಥೆ ಇದಕ್ಕೆ ಪೂರ್ತಿ ಉಲ್ಟಾ. ಅವರ ಬಾಯಿ ಒಣಗಿರುತ್ತದೆ, ಎದ್ದು ನಿಂತರೆ ತಲೆ ಸುತ್ತುತ್ತದೆ. ಅವರಿಗೆ ಓಆರ್‌ಎಸ್ ಅಥವಾ ಸಲೈನ್ ಬೇಕೇ ಬೇಕು. ಇನ್ನು ಊತವೂ ಇಲ್ಲ, ಒಣಗಿಯೂ ಇಲ್ಲ, ಆದರೂ ಸೋಡಿಯಂ ಕಮ್ಮಿ ಅನ್ನುವ ಗುಂಪೊಂದಿದೆ. ಅಲ್ಲಿ ಮಾತ್ರೆ, ಶ್ವಾಸಕೋಶದ ಟಿಬಿ, ನ್ಯುಮೋನಿಯಾ, ಮೆದುಳಿನ ರಕ್ತಸ್ರಾವ, ಕೆಲವೊಮ್ಮೆ ಶ್ವಾಸಕೋಶದ ಕ್ಯಾನ್ಸರ್ ಹುಡುಕಬೇಕು. ವ್ಯಾಸೊಪ್ರೆಸಿನ್ ಬೇಡದಿದ್ದರೂ ಸುರಿಯುತ್ತಲೇ ಇರುವ ಈ ಸ್ಥಿತಿಯನ್ನು 1957ರಲ್ಲಿ ಶ್ವಾರ್ಟ್ಜ್, ಬಾರ್ಟರ್ ಮತ್ತು ಅವರ ಜೊತೆಗಾರರು ಮೊದಲು ವಿವರಿಸಿದ್ದು ಶ್ವಾಸಕೋಶದ ಕ್ಯಾನ್ಸರ್ ಇದ್ದ ಇಬ್ಬರು ರೋಗಿಗಳಲ್ಲಿ.

ನಮ್ಮ ಕಡೆ ತಪ್ಪಿಹೋಗುವ ಇನ್ನೊಂದು ಕಾರಣ ಕಾರ್ಟಿಸಾಲ್ ಹಾರ್ಮೋನಿನ ಕೊರತೆ. ಹೆರಿಗೆಯಲ್ಲಿ ತುಂಬಾ ರಕ್ತ ಹೋಗಿ, ಆಮೇಲೆ ಎದೆಹಾಲು ಬಾರದೆ, ಮುಟ್ಟು ಮತ್ತೆ ಶುರುವಾಗದೆ ಇದ್ದ ಹೆಂಗಸರಿರುತ್ತಾರೆ. ಕಾರ್ಟಿಸಾಲ್ ತಯಾರಿಸಲು ಸೂಚನೆ ಕೊಡುವ ಅವರ ಪಿಟ್ಯುಟರಿ ಗ್ರಂಥಿ ಆಗಲೇ ಪೆಟ್ಟು ತಿಂದಿರಬಹುದು. ಇಪ್ಪತ್ತು ವರ್ಷವಾದ ಮೇಲೂ ಒಂದು ಸಣ್ಣ ಜ್ವರಕ್ಕೆ ಸೋಡಿಯಂ 110ಕ್ಕೆ ಕುಸಿದು ಬರಬಹುದು. ಕೊಳಕುಮಂಡಲ ಹಾವು ಕಚ್ಚಿ ಬದುಕಿದ ಕೆಲವರಿಗೂ ಪಿಟ್ಯುಟರಿ ಹೀಗೇ ಕೆಡುತ್ತದೆ. ಕೀಲುನೋವಿಗೆ, ಉಬ್ಬಸಕ್ಕೆ ಅಂತ ತಿಂಗಳುಗಟ್ಟಲೆ ಸ್ಟಿರಾಯ್ಡ್ ತಿಂದು ಒಮ್ಮೆಲೇ ನಿಲ್ಲಿಸಿದವರೂ ಇದೇ ಸ್ಥಿತಿಗೆ ಬರಬಹುದು. ಹೆಸರಿಲ್ಲದ ಪುಡಿ, ಗುಳಿಗೆಗಳಲ್ಲಿ ಸ್ಟಿರಾಯ್ಡ್ ಬೆರೆಸಿರುವುದೂ ಉಂಟು. ಇವರಿಗೆ ಹೈಡ್ರೋಕಾರ್ಟಿಸೋನ್ (ಕಾರ್ಟಿಸಾಲ್‌ನ ಔಷಧಿ ರೂಪ) ಕೊಟ್ಟರೆ ಸೋಡಿಯಂ ಬೇಗ ಸರಿಹೋಗುತ್ತದೆ. ಕೊಡದಿದ್ದರೆ ಎಷ್ಟು ಸಲೈನ್ ಹಾಕಿದರೂ ಪ್ರಯೋಜನ ಕಮ್ಮಿ. ಅದಕ್ಕೇ ಹಳೆಯ ಹೆರಿಗೆ, ಹಾವು ಕಡಿತ, ಪುಡಿ, ಗುಳಿಗೆ ಯಾವುದನ್ನೂ ಡಾಕ್ಟರಿಗೆ ಹೇಳದೆ ಇರಬೇಡಿ.

ಪರೀಕ್ಷೆಗಳ ವಿಷಯದಲ್ಲಿ ನನ್ನದು ಗಟ್ಟಿ ಅಭಿಪ್ರಾಯ. ಸೋಡಿಯಂ ತೀರಾ ಕಮ್ಮಿ ಬಂದವರಿಗೆ ಡ್ರಿಪ್ ಏರಿಸುವ ಮೊದಲೇ ಸ್ವಲ್ಪ ಮೂತ್ರ ತೆಗೆದಿಡಬೇಕು. ರಕ್ತದ ಆಸ್ಮೊಲಾಲಿಟಿ (ಕರಗಿದ ಪದಾರ್ಥ ಎಷ್ಟಿದೆ ಅನ್ನುವ ಅಳತೆ), ಮೂತ್ರದ ಆಸ್ಮೊಲಾಲಿಟಿ, ಮೂತ್ರದ ಸೋಡಿಯಂ, ಈ ಮೂರು ಸಿಕ್ಕರೆ ಅರ್ಧ ದಾರಿ ಕ್ರಮಿಸಿದ ಹಾಗೆ. ಮೂತ್ರದ ಆಸ್ಮೊಲಾಲಿಟಿ 100ಕ್ಕಿಂತ ಕಮ್ಮಿ ಇದ್ದರೆ ಕಿಡ್ನಿ ತನ್ನ ಕೆಲಸ ಮಾಡುತ್ತಿದೆ, ನೀರೇ ವಿಪರೀತ ಆಗಿದೆ ಅಥವಾ ಊಟ ಸಾಲದು ಅಂತ ಅರ್ಥ. 100ಕ್ಕಿಂತ ಜಾಸ್ತಿ ಇದ್ದರೆ ವ್ಯಾಸೊಪ್ರೆಸಿನ್ ಕೈವಾಡ ಇದೆ. ಆಗ ಮೂತ್ರದ ಸೋಡಿಯಂ ನೋಡಬೇಕು. ಅದು 30ಕ್ಕಿಂತ ಕಮ್ಮಿ ಇದ್ದರೆ, ಮೈ ಒಣಗಿದೆ ಅಥವಾ ಹಾರ್ಟ್, ಲಿವರ್ ತೊಂದರೆಯಿಂದ ಕಿಡ್ನಿಗೆ ರಕ್ತ ಸಾಲುತ್ತಿಲ್ಲ ಅನ್ನುವ ಸುಳಿವು. ನೀರು ಹೋಗುವ ಮಾತ್ರೆ ತಿನ್ನುವವರಲ್ಲಿ ಮಾತ್ರ ಈ ಅಂಕಿಯನ್ನು ಪೂರ್ತಿ ನಂಬಲಾಗದು, ಏಕೆಂದರೆ ಮಾತ್ರೆಯೇ ಉಪ್ಪನ್ನು ಮೂತ್ರಕ್ಕೆ ತಳ್ಳುತ್ತಿರುತ್ತದೆ. ಜೊತೆಗೆ ಟಿಎಸ್‌ಎಚ್ (ಥೈರಾಯ್ಡ್ ಪರೀಕ್ಷೆ), ಬೆಳಗಿನ ಕಾರ್ಟಿಸಾಲ್, ಕ್ರಿಯಾಟಿನಿನ್, ಪೊಟ್ಯಾಷಿಯಂ, ಎದೆಯ ಎಕ್ಸ್‌ರೇ ಬೇಕಾಗುತ್ತವೆ. ಅಮ್ಮನ ಡಿಸ್ಚಾರ್ಜ್ ಹಾಳೆಯಲ್ಲಿ ಇವು ಇವೆಯಾ ನೋಡಿ. ಇಲ್ಲದಿದ್ದರೆ ಮುಂದಿನ ಭೇಟಿಯಲ್ಲಿ ಕೇಳಿ, ಸಂಕೋಚ ಬೇಡ.

ಶುಗರ್ ಇರುವವರಿಗೆ ಇಲ್ಲೇ ಒಂದು ಮಾತು. ರಕ್ತದ ಸಕ್ಕರೆ ತುಂಬಾ ಏರಿದಾಗ ಅದು ಜೀವಕೋಶಗಳಿಂದ ನೀರನ್ನು ರಕ್ತಕ್ಕೆ ಎಳೆಯುತ್ತದೆ. ಸಕ್ಕರೆ 100 ದಾಟಿದ ಮೇಲೆ ಪ್ರತಿ 100ಕ್ಕೆ ಸೋಡಿಯಂ 1.6ರಿಂದ 2.4ರಷ್ಟು ಕಮ್ಮಿ ಕಾಣುತ್ತದೆ. ಸಕ್ಕರೆ 500 ಇದ್ದಾಗ ಸೋಡಿಯಂ 128 ಬಂದರೆ, ಸಕ್ಕರೆ ಇಳಿಸಿದ ಮೇಲೆ ಅದು 134ರಿಂದ 138ರ ಹತ್ತಿರ ಬರುತ್ತದೆ. ಅಲ್ಲಿ ಬೇಕಿರುವ ಔಷಧಿ ಇನ್ಸುಲಿನ್.

ಈಗ ನಿಮ್ಮ ಎರಡನೇ ಪ್ರಶ್ನೆ, ಯಾಕೆ ಅಷ್ಟು ನಿಧಾನ? ರಕ್ತ ತೆಳುವಾದಾಗ ನೀರು ಮೆದುಳಿನ ಜೀವಕೋಶಗಳ ಒಳಗೆ ನುಗ್ಗುತ್ತದೆ, ಮೆದುಳು ಊದುತ್ತದೆ. ವಾಂತಿ, ತಲೆನೋವು, ಗೊಂದಲ, ಫಿಟ್ಸ್ ಎಲ್ಲ ಬರುವುದು ಅದರಿಂದಲೇ. ಊತ ಕಮ್ಮಿ ಮಾಡಿಕೊಳ್ಳಲು ಆ ಕೋಶಗಳು ತಮ್ಮೊಳಗಿನ ಪೊಟ್ಯಾಷಿಯಂ ಮತ್ತು ಬೇರೆ ಕೆಲವು ವಸ್ತುಗಳನ್ನು ಹೊರಗೆ ಕಳಿಸುತ್ತವೆ. ಸುಮಾರು 48 ಗಂಟೆಯಲ್ಲಿ ಹೀಗೆ ಹೊಂದಿಕೊಂಡುಬಿಡುತ್ತವೆ. ಹೊಂದಿಕೊಂಡ ಮೇಲೆ ನಾವು ಒಮ್ಮೆಲೇ ಸೋಡಿಯಂ ಏರಿಸಿದರೆ ಕೋಶಗಳಿಂದ ನೀರು ಹೊರಗೆ ಓಡುತ್ತದೆ, ಕೋಶಗಳು ಮುದುಡುತ್ತವೆ, ನರಗಳ ಮೇಲಿನ ಮಯಲಿನ್ ಹೊದಿಕೆ ಕಳಚುತ್ತದೆ. ಮೆದುಳಿನ ಕಾಂಡದಲ್ಲಿರುವ ಪಾನ್ಸ್ ಅನ್ನುವ ಭಾಗದಲ್ಲಿ ಈ ಹಾನಿ ಆಗುವುದನ್ನು 1959ರಲ್ಲೇ ವೈದ್ಯರು ವಿವರಿಸಿದ್ದರು. ಸೋಡಿಯಂ ಬೇಗ ಏರಿಸಿದ್ದಕ್ಕೂ ಅದಕ್ಕೂ ಇರುವ ನಂಟು ಗೊತ್ತಾಗಲು ಆಮೇಲೆ ಎಷ್ಟೋ ವರ್ಷ ಹಿಡಿಯಿತು. ಇದರ ಕ್ರೂರತನ ಏನೆಂದರೆ, ರೋಗಿ ಮೊದಲು ಚೇತರಿಸಿಕೊಂಡು ಮಾತಾಡುತ್ತಾರೆ. ಎರಡರಿಂದ ಆರು ದಿನ ಬಿಟ್ಟು ಮಾತು ತೊದಲುತ್ತದೆ, ನುಂಗಲಾಗುವುದಿಲ್ಲ, ಕೈಕಾಲು ಬೀಳುತ್ತವೆ. ಕೆಲವರಿಗೆ ಅದು ಶಾಶ್ವತ.

ಅದಕ್ಕೇ 24 ಗಂಟೆಗೆ 8ಕ್ಕಿಂತ ಜಾಸ್ತಿ ಏರದಂತೆ ಕಾಯುತ್ತಾರೆ. ಅಪಾಯ ಕಮ್ಮಿ ಇರುವವರಲ್ಲಿ 10ರವರೆಗೂ ಒಪ್ಪುತ್ತಾರೆ. ಕುಡಿತ, ಅಪೌಷ್ಟಿಕತೆ, ಲಿವರ್ ಕಾಯಿಲೆ, ಪೊಟ್ಯಾಷಿಯಂ ಕೊರತೆ ಇದ್ದರೆ ಅಥವಾ ಸೋಡಿಯಂ 105ಕ್ಕೂ ಕೆಳಗಿದ್ದರೆ ಇನ್ನೂ ಹುಷಾರು. ಊಟ ಸರಿಯಿಲ್ಲದ ನಿಮ್ಮ ಅಮ್ಮ ಆ ಅಪಾಯದ ಗುಂಪಿಗೇ ಸೇರುತ್ತಾರೆ. 114ರಿಂದ 131ಕ್ಕೆ ಐದು ದಿನ ತೆಗೆದುಕೊಂಡದ್ದು ಒಳ್ಳೆಯ ಚಿಕಿತ್ಸೆಯ ಲಕ್ಷಣ. ಈ ಹಾನಿ ತೀರಾ ವಿರಳ, ಅತಿ ನಿಧಾನ ಮಾಡಿದರೂ ನಷ್ಟ ಇದೆ ಅಂತ ಇತ್ತೀಚಿನ ಕೆಲವು ಅಧ್ಯಯನಗಳು ಹೇಳುತ್ತಿವೆ. ವೈದ್ಯರ ನಡುವೆ ಅದರ ಚರ್ಚೆ ನಡೆಯುತ್ತಿದೆ. ಆದರೂ ಇಂಥ ರೋಗಿಯಲ್ಲಿ ನಾನು ನಿಧಾನದ ಪಕ್ಷವೇ.

ನಿಧಾನ ಅಂದರೆ ಕೈಕಟ್ಟಿ ಕೂರುವುದಲ್ಲ. ಫಿಟ್ಸ್ ಬಂದರೆ, ಎಚ್ಚರ ತಪ್ಪಿದರೆ ತಕ್ಷಣ 3 ಪರ್ಸೆಂಟ್ ಸಲೈನನ್ನು 100 ಅಥವಾ 150 ಎಂಎಲ್ ಲೆಕ್ಕದಲ್ಲಿ ಹತ್ತಿಪ್ಪತ್ತು ನಿಮಿಷದಲ್ಲಿ ಕೊಡಬೇಕು, ಬೇಕಿದ್ದರೆ ಮತ್ತೆ ಕೊಡಬೇಕು. ಮೊದಲ ಗಂಟೆಗಳಲ್ಲಿ 4ರಿಂದ 6 ಏರಿದರೆ ಸಾಕು, ಮೆದುಳಿನ ಅಪಾಯ ದಾಟುತ್ತದೆ. ಉಳಿದದ್ದು ಆರಾಮವಾಗಿ ಆಗಲಿ. ಮಾತ್ರೆ ನಿಲ್ಲಿಸಿದ ಒಂದೆರಡು ದಿನದಲ್ಲಿ ಕೆಲವರಿಗೆ ನೀರಿನಂಥ ಮೂತ್ರ ಧಾರಾಳವಾಗಿ ಹೋಗಲು ಶುರುವಾಗುತ್ತದೆ, ಸೋಡಿಯಂ ತಾನಾಗಿಯೇ ದಡದಡ ಏರುತ್ತದೆ. ಐಸಿಯುನಲ್ಲಿ ಗಂಟೆಗಂಟೆಗೂ ಮೂತ್ರ ಅಳೆದು, ಪದೇಪದೇ ರಕ್ತ ತೆಗೆದದ್ದು ಇದಕ್ಕೇ. ಮಿತಿ ಮೀರುವ ಹಾಗಿದ್ದರೆ ಡೆಸ್ಮೊಪ್ರೆಸಿನ್ (ವ್ಯಾಸೊಪ್ರೆಸಿನ್ ಥರವೇ ನೀರು ಹಿಡಿದಿಡುವ ಔಷಧಿ) ಕೊಟ್ಟು, ಡೆಕ್ಸ್‌ಟ್ರೋಸ್ ನೀರು ಹಾಕಿ, ಏರಿದ್ದನ್ನು ಮತ್ತೆ ಇಳಿಸುವುದೂ ಉಂಟು.

ಸುಸ್ತಾದರೆ ‘ಒಂದು ಗ್ಲೂಕೋಸ್ ಬಾಟಲಿ ಹಾಕಿಸಿ’ ಅನ್ನುವ ಅಭ್ಯಾಸ ನಮ್ಮಲ್ಲಿದೆ. 5 ಪರ್ಸೆಂಟ್ ಡೆಕ್ಸ್‌ಟ್ರೋಸ್‌ನಲ್ಲಿರುವ ಸಕ್ಕರೆ ಮೈಗೆ ಸೇರಿದ ಮೇಲೆ ಉಳಿಯುವುದು ಬರೀ ನೀರು. ಸೋಡಿಯಂ ಕಮ್ಮಿ ಇರುವವರಿಗೆ ಅದು ನೇರ ಹಾನಿ. ವಯಸ್ಸಾದವರು ಸುಸ್ತು, ವಾಂತಿ ಅಂದಾಗ ರಕ್ತ ಪರೀಕ್ಷೆ ಮಾಡಿಸದೆ ಆ ಬಾಟಲಿ ಹಾಕಿಸಬೇಡಿ. ವ್ಯಾಸೊಪ್ರೆಸಿನ್ ಸುರಿಯುತ್ತಿರುವವರಲ್ಲಿ ಸಾಮಾನ್ಯ ಸಲೈನ್ ಕೂಡ ಕೆಲವೊಮ್ಮೆ ಸೋಡಿಯಂ ಇನ್ನಷ್ಟು ಇಳಿಸುತ್ತದೆ. ಕಿಡ್ನಿ ಆ ಉಪ್ಪನ್ನು ಹೊರಹಾಕಿ ನೀರನ್ನು ಇಟ್ಟುಕೊಳ್ಳುತ್ತದೆ.

ಮನೆಯಲ್ಲಿ ಏನು ಮಾಡಬೇಕು ಅಂದರೆ, ಡಾಕ್ಟರು ಹೇಳಿದ ನೀರಿನ ಮಿತಿಯನ್ನು ಅಳೆದು ಪಾಲಿಸಿ. ಸಾಮಾನ್ಯವಾಗಿ ದಿನಕ್ಕೆ 800ರಿಂದ 1000 ಎಂಎಲ್ ಹೇಳುತ್ತಾರೆ, ಚೇತರಿಕೆ ನೋಡಿ ಸಡಿಲ ಮಾಡುತ್ತಾರೆ. ಚಹ, ಮಜ್ಜಿಗೆ, ತಿಳಿಸಾರು, ಗಂಜಿಯ ನೀರು ಎಲ್ಲವೂ ಇದರಲ್ಲೇ ಸೇರಬೇಕು. ಬೆಳಗ್ಗೆಯೇ ಒಂದು ಬಾಟಲಿಯಲ್ಲಿ ಅಳೆದಿಟ್ಟರೆ ಲೆಕ್ಕ ತಪ್ಪುವುದಿಲ್ಲ. ಆದರೆ ಮತ್ತೆ ವಾಂತಿ ಭೇದಿ ಶುರುವಾದರೆ ಈ ಮಿತಿ ಹಿಡಿದು ಕೂರಬೇಡಿ, ಡಾಕ್ಟರಿಗೆ ಫೋನ್ ಮಾಡಿ. ಅಡುಗೆಗೆ ಎಲ್ಲರಂತೆ ಹದವಾದ ಉಪ್ಪು ಇರಲಿ. ದಿನಕ್ಕೆ 5 ಗ್ರಾಂ, ಅಂದರೆ ಒಂದು ಟೀ ಚಮಚದ ಒಳಗೆ, ಬಿಪಿ ಇರುವವರಿಗೂ ಸಾಕು. ಗಂಜಿಯ ಜಾಗಕ್ಕೆ ಗಟ್ಟಿ ಬೇಳೆ, ಮೊಟ್ಟೆ, ಹುರುಳಿ, ಮೀನು, ಅವರಿಗೆ ಏನು ಇಷ್ಟವೋ ಅದು ಬರಲಿ. ನನ್ನ ಪ್ರಕಾರ ಉಪ್ಪು ಕೊಡಬೇಕಾ ಬೇಡವಾ ಅನ್ನುವುದಕ್ಕಿಂತ ಇದು ದೊಡ್ಡ ಕೆಲಸ. ಇಷ್ಟಕ್ಕೂ ಸೋಡಿಯಂ ಏರದವರಿಗೆ ಉಪ್ಪಿನ ಮಾತ್ರೆ, ಯೂರಿಯಾ ಪುಡಿ, ಟಾಲ್ವಾಪ್ಟಾನ್ ಇವೆ. ಟಾಲ್ವಾಪ್ಟಾನ್ ವ್ಯಾಸೊಪ್ರೆಸಿನ್ ಕೆಲಸ ತಡೆಯುವ, ಆಸ್ಪತ್ರೆಯಲ್ಲೇ ಶುರು ಮಾಡಬೇಕಾದ ಮಾತ್ರೆ, ಲಿವರ್ ಕಾಯಿಲೆ ಇದ್ದರೆ ಕೊಡುವ ಹಾಗಿಲ್ಲ. ನಿಮ್ಮ ಅಮ್ಮನಿಗೆ ಅದು ಬೇಕಾಗಲಾರದು.

ಮತ್ತೆ ಬರುತ್ತದಾ? ಕ್ಲೋರ್‌ಥಾಲಿಡೋನ್ ಗುಂಪಿನ ಮಾತ್ರೆ ಮತ್ತೆ ತಿಂದರೆ ಬರುವ ಸಾಧ್ಯತೆ ಜಾಸ್ತಿ. ಇನ್ನು ಮುಂದೆ ಅವರಿಗೆ ಆ ಗುಂಪು ಬೇಡ. ಫೈಲಿನ ಮೊದಲ ಪುಟದಲ್ಲೇ ದಪ್ಪ ಅಕ್ಷರದಲ್ಲಿ ಬರೆಸಿ. ಬಿಪಿ ಮಾತ್ರೆಗಳ ಹೆಸರಿನ ಕೊನೆಗೆ ‘ಎಚ್’ ಅಥವಾ ‘ಸಿಟಿ’ ಅಂತ ಇದ್ದರೆ ಅನೇಕ ಸಲ ಅದರಲ್ಲಿ ಈ ಔಷಧಿ ಸೇರಿರುತ್ತದೆ. ಮೆಡಿಕಲ್ ಶಾಪಿನಲ್ಲಿ ಸ್ಟ್ರಿಪ್ ಹಿಂದೆ ತಿರುಗಿಸಿ ಓದಿ. ಬಿಪಿಗೆ ಆಮ್ಲೋಡಿಪಿನ್ ಥರದ ಬೇರೆ ಮಾತ್ರೆಗಳಿವೆ. ಮನಸ್ಸಿನ ಮಂಕಿಗೆ ಚಿಕಿತ್ಸೆ ನಿಲ್ಲಬಾರದು, ಅದೂ ಅಷ್ಟೇ ಮುಖ್ಯ. ಮಿರ್ಟಜಪಿನ್‌ನಲ್ಲಿ ಸೋಡಿಯಂ ಇಳಿಯುವ ಅಪಾಯ ಕಮ್ಮಿ, ಹಸಿವೂ ಹೆಚ್ಚುತ್ತದೆ. ಅದು ಅಮ್ಮನಿಗೆ ಹೊಂದುತ್ತದಾ ಅಂತ ಮಾನಸಿಕ ತಜ್ಞರನ್ನು ಕೇಳಿ. ಈ ವಾರವೇ ಒಮ್ಮೆ ಸೋಡಿಯಂ, ಪೊಟ್ಯಾಷಿಯಂ ಮಾಡಿಸಿ. ಹೊಸ ಮಾತ್ರೆ ಯಾವುದು ಶುರುವಾದರೂ ಒಂದೆರಡು ವಾರದಲ್ಲಿ ಇನ್ನೊಮ್ಮೆ. ಮುಂದೆ ಕೊಲೊನೊಸ್ಕೋಪಿಗೆ ಹೊಟ್ಟೆ ತೊಳೆಯುವ ಔಷಧಿ ಕುಡಿಯಬೇಕಾದರೆ, ಆಪರೇಷನ್ ಇದ್ದರೆ, ಮೊದಲೇ ಈ ವಿಷಯ ಹೇಳಿ. ಅರೆನಿದ್ದೆ, ತಡವರಿಕೆ, ನಿಲ್ಲದ ವಾಂತಿ, ಫಿಟ್ಸ್, ಇದರಲ್ಲಿ ಯಾವುದು ಕಂಡರೂ ಬಾಯಿಗೆ ಏನೂ ಹಾಕದೆ ಮಾತ್ರೆಗಳ ಚೀಲ ಹಿಡಿದು ನೇರ ಆಸ್ಪತ್ರೆಗೆ ಹೋಗಿ.

ಈಗ ಉಳಿದಿರುವ ಗೊಂದಲಕ್ಕೆ ಹೆದರಬೇಡಿ. ರಕ್ತದ ಅಂಕಿ ಏರಿದ ದಿನವೇ ಮೆದುಳು ಸರಿಹೋಗುವುದಿಲ್ಲ. ವಯಸ್ಸಾದವರಲ್ಲಿ ಕೆಲವು ದಿನ, ಕೆಲವೊಮ್ಮೆ ಕೆಲವು ವಾರ ಹಿಡಿಯುತ್ತದೆ. ದಿನದಿಂದ ದಿನಕ್ಕೆ ಸುಧಾರಿಸುತ್ತಿದ್ದರೆ ಸಾಕು. ಸರಿಯಾಗುತ್ತಾ ಬಂದು ಮತ್ತೆ ಕೆಟ್ಟರೆ, ಮಾತು ತೊದಲಿದರೆ, ನುಂಗಲು ಕಷ್ಟವಾದರೆ ಅವತ್ತೇ ತೋರಿಸಿ. 131ರಲ್ಲೂ ನಡಿಗೆ ಸ್ವಲ್ಪ ಓಲಾಡುತ್ತದೆ, ಗಮನ ತಪ್ಪುತ್ತದೆ. ಬಿದ್ದು ಸೊಂಟ ಮುರಿದುಕೊಳ್ಳುವವರಲ್ಲಿ ಇಂಥವರೂ ಇರುತ್ತಾರೆ. ರಾತ್ರಿ ಬಚ್ಚಲಿಗೆ ಹೋಗುವಾಗ ಜೊತೆಗಿರಿ, ದೀಪ ಹಾಕಿಡಿ. ಇವರಿಗೆ ಅರಳುಮರಳು ಶುರುವಾಗಿದೆ ಅಂತ ಯಾರಾದರೂ ಈಗಲೇ ಅಂದರೆ ಒಪ್ಪಬೇಡಿ. ನೆನಪಿನ ಪರೀಕ್ಷೆ ಮಾಡುವುದಿದ್ದರೆ ಸೋಡಿಯಂ 135 ದಾಟಿ ಎರಡು ಮೂರು ತಿಂಗಳು ಹಾಗೇ ನಿಂತ ಮೇಲೆ ಮಾಡಿಸಿ.